ಟೆನ್ಷನ್ ತಲೆಯಲ್ಲಿ, ಗಾಯ ಬೆರಳಲ್ಲಿ

ದಾವಣಗೆರೆಯಿಂದ ಬರೆದ ಓದುಗರಿಗೆ ನಮಸ್ಕಾರ. ಹೆಸರು ಹಾಕಬೇಡಿ ಎಂದಿದ್ದೀರಿ, ಹಾಕಿಲ್ಲ.

ಉಳಿದ ಓದುಗರಿಗಾಗಿ ನಿಮ್ಮ ಪತ್ರವನ್ನು ನಾಲ್ಕು ಮಾತಲ್ಲಿ ಹೇಳಿಬಿಡುತ್ತೇನೆ. ಅತ್ತೆಗೆ ಮರೆವಿನ ಕಾಯಿಲೆ ಬಂದು ನಾಲ್ಕು ವರ್ಷವಾಯಿತು. ರಾತ್ರಿ ಮೂರ್ನಾಲ್ಕು ಸಲ ಎದ್ದು "ನಮ್ಮೂರಿಗೆ ಹೊರಟೆ" ಎಂದು ಚಿಲಕ ತೆಗೆಯುತ್ತಾರೆ. ನೀವೂ ಏಳಬೇಕು. ಯುಗಾದಿಗೆ ಮುಂಚೆ ಈಳಿಗೆಮಣೆಯಲ್ಲಿ ಹಾಗಲಕಾಯಿ ಹೆಚ್ಚುವಾಗ ಬೆರಳು ಕೊಯ್ದುಕೊಂಡಿರಿ. ಆರು ವಾರವಾದರೂ ಗಾಯ ಪೂರ್ತಿ ಮಾಯಲಿಲ್ಲ. ಶುಗರ್ ನಾರ್ಮಲ್. ಡಾಕ್ಟರು "ಟೆನ್ಷನ್ ಕಡಿಮೆ ಮಾಡ್ಕೊಳ್ಳಿ" ಎಂದರು. ಅದನ್ನು ಮನೆಯಲ್ಲಿ ಹೇಳಿದರೆ ಯಜಮಾನರು ನಕ್ಕರು: "ಟೆನ್ಷನ್ ಇರೋದು ತಲೇಲಿ, ಗಾಯ ಆಗಿರೋದು ಬೆರಳಿಗೆ!"

ನಗುವ ಮಾತಲ್ಲ. ಅಮೆರಿಕದ ಒಹಾಯೊದಲ್ಲಿ ಜಾನಿಸ್ ಕೀಕೋಲ್ಟ್-ಗ್ಲೇಸರ್ ಎಂಬ ಮನೋವಿಜ್ಞಾನಿ ಮತ್ತು ಸಂಗಡಿಗರು ಇದನ್ನೇ ಪರೀಕ್ಷೆ ಮಾಡಿ 1995ರಲ್ಲಿ ಪ್ರಕಟಿಸಿದರು. ಮನೆಯಲ್ಲಿ ಮರೆವಿನ ಕಾಯಿಲೆಯವರನ್ನು ನೋಡಿಕೊಳ್ಳುತ್ತಿದ್ದ 13 ಹೆಂಗಸರು ಒಂದು ಕಡೆ. ಅದೇ ವಯಸ್ಸಿನ, ಆ ಹೊಣೆ ಇಲ್ಲದ 13 ಹೆಂಗಸರು ಇನ್ನೊಂದು ಕಡೆ. ಎಲ್ಲರ ತೋಳಿನಲ್ಲೂ ಮೂರೂವರೆ ಮಿಲಿಮೀಟರಿನ, ಅಂದರೆ ಹೆಚ್ಚುಕಡಿಮೆ ಹೆಸರುಕಾಳಿನಷ್ಟು ಗಾಯ ಮಾಡಿ ದಿನ ಎಣಿಸಿದರು. ಹೊಣೆ ಇಲ್ಲದವರ ಗಾಯ ಮಾಯಲು ಸರಾಸರಿ 39 ದಿನ ಚಿಲ್ಲರೆ ಹಿಡಿಯಿತು. ನಿಮ್ಮಂಥವರಿಗೆ 48 ದಿನ ಚಿಲ್ಲರೆ. ಒಂಬತ್ತು ದಿನ ಜಾಸ್ತಿ!

ಹೇಗೆ ಅಂತೀರಾ? ಮೂತ್ರಪಿಂಡಗಳ ಮೇಲೆ ಟೋಪಿ ಹಾಕಿದ ಹಾಗೆ ಎರಡು ಪುಟ್ಟ ಗ್ರಂಥಿಗಳಿವೆ. ಅಪಾಯ ಅಂತ ಮಿದುಳು ಸುದ್ದಿ ಕಳಿಸಿದರೆ ಅವು ಕಾರ್ಟಿಸೋಲ್ ಎಂಬ ರಸವನ್ನು ರಕ್ತಕ್ಕೆ ಬಿಡುತ್ತವೆ. ರಕ್ತದಲ್ಲಿ ಸಕ್ಕರೆ ಏರುತ್ತದೆ, ಓಡಲು ಬಲ ಬರುತ್ತದೆ. ರಿಪೇರಿ ಕೆಲಸ ಹಿಂದಕ್ಕೆ ಬೀಳುತ್ತದೆ. ಕಳ್ಳ ಬಾಗಿಲಿಗೆ ಬಂದಾಗ ಯಾರಾದರೂ ಗೋಡೆಗೆ ಸುಣ್ಣ ಬಳಿಯುತ್ತಾ ಕೂರುತ್ತಾರಾ? ಗಾಯ ಮಾಯಬೇಕಾದರೆ ಮೊದಲು ಅಲ್ಲಿ ಕೆಂಪಾಗಿ ಊದಿಕೊಳ್ಳಬೇಕು, ರಕ್ತದ ಬಿಳಿ ಕಣಗಳು ಬಂದು ಸೇರಬೇಕು. ಕಾರ್ಟಿಸೋಲ್ ಅದನ್ನೇ ತಡೆಯುತ್ತದೆ. ಬೀದಿನಾಯಿ ಅಟ್ಟಿಸಿಕೊಂಡು ಬಂದ ಹತ್ತು ನಿಮಿಷಕ್ಕೆ ಇದೇನೂ ನಷ್ಟವಲ್ಲ. ನಿಮ್ಮ ಮನೆಯಲ್ಲಿ ಕಳ್ಳ ನಾಲ್ಕು ವರ್ಷದಿಂದ ಬಾಗಿಲಲ್ಲೇ ನಿಂತಿದ್ದಾನೆ. ಸಾಲದ್ದಕ್ಕೆ ನಡುರಾತ್ರಿ ಈ ರಸ ತೀರಾ ಕಡಿಮೆ ಇರಬೇಕಾದ ಹೊತ್ತು. ನೀವು ಆಗಲೇ ಎದೆ ಹೊಡೆದುಕೊಂಡು ಏಳುತ್ತಿದ್ದೀರಿ.

ಪತ್ರದ ಕೊನೆಯಲ್ಲಿ ಚಿಕ್ಕ ಅಕ್ಷರದಲ್ಲಿ ಇನ್ನೊಂದು ಬರೆದಿದ್ದೀರಿ. ಗ್ಯಾಸ್ ಆಫ್ ಮಾಡಿದ್ದು ನೆನಪಿರುವುದಿಲ್ಲ, ಚಿಲಕ ಸ್ವಲ್ಪ ಅಲ್ಲಾಡಿದರೂ ಎದೆ ಧಸಕ್ ಅನ್ನುತ್ತದೆ, ನನಗೂ ಅತ್ತೆಯ ಕಾಯಿಲೆ ಶುರುವಾಯಿತಾ ಅಂತ. ನಿಮಗೆ ನಿಜವಾಗಿ ಭಯವಿರುವುದು ಇದರದ್ದು ಅನ್ನಿಸಿತು.

ಇದಕ್ಕೆ ಉತ್ತರ ನಮ್ಮ ಬೆಂಗಳೂರಿನಲ್ಲೇ ಇದೆ. 2002ರಲ್ಲಿ ಎನ್‌ಸಿಬಿಎಸ್ ಎಂಬ ಜೀವವಿಜ್ಞಾನ ಸಂಶೋಧನಾ ಕೇಂದ್ರದ ಮತ್ತು ನಿಮ್ಹಾನ್ಸ್‌ನ ವಿಜ್ಞಾನಿಗಳು ಇಲಿಗಳನ್ನು ದಿನಕ್ಕೆ ಎರಡು ಗಂಟೆ ಅಲ್ಲಾಡದ ಹಾಗೆ ಹಿಡಿದಿಟ್ಟರು, ಹತ್ತು ದಿನ. ಮಿದುಳಿನಲ್ಲಿ ನೆನಪಿಗೆ ಬೇಕಾದ ಹಿಪೊಕ್ಯಾಂಪಸ್ ಭಾಗದಲ್ಲಿ ನರಕೋಶಗಳ ಕೊಂಬೆಗಳು ಮುದುಡಿದವು. ಭಯಕ್ಕೆ ಸೇರಿದ ಅಮಿಗ್ಡಲದಲ್ಲಿ ಕೊಂಬೆಗಳು ಹರಡಿಕೊಂಡವು! ಮರೆವೂ ಜಾಸ್ತಿ, ಬೆಚ್ಚುವುದೂ ಜಾಸ್ತಿ: ನೀವು ಬರೆದಿರುವುದೂ ಅದೇ ಅಲ್ವಾ? ಆಮೇಲಿನ ಇನ್ನೊಂದು ಪ್ರಯೋಗದಲ್ಲಿ ಇಲಿಗಳಿಗೆ 21 ದಿನ ಬಿಡುವು ಕೊಟ್ಟು ನೋಡಿದಾಗ ಹಿಪೊಕ್ಯಾಂಪಸ್ ಚೇತರಿಸಿಕೊಂಡಿತ್ತು. ಅಮಿಗ್ಡಲ ಮಾತ್ರ ಹಾಗೇ ಇತ್ತು. ಇಲಿಯ ಲೆಕ್ಕ ಮನುಷ್ಯರಿಗೆ ಹಾಗೇ ಕೂಡುವುದಿಲ್ಲ, ಒಪ್ಪಿದೆ. ಆದರೂ ನೆನಪು ವಾಪಸ್ ಬರಬಹುದು, ಬೆಚ್ಚುವ ಗುಣ ಹೋಗಲು ತಡವಾಗಬಹುದು ಎಂದು ನನಗೆ ಅರ್ಥವಾಗಿರುವುದು. ನಮ್ಮ ತಂದೆ ಹಾಸಿಗೆ ಹಿಡಿದಿದ್ದ ವರ್ಷ ನನ್ನ ಕನ್ನಡಕ ಫ್ರಿಜ್ಜಿನಲ್ಲಿ ಸಿಕ್ಕಿತ್ತು, ಮೊಸರಿನ ಪಾತ್ರೆಯ ಪಕ್ಕ. ಈಗ ಹಾಗಿಲ್ಲ. ಫೋನ್ ರಾತ್ರಿ ಬಡಿದುಕೊಂಡರೆ ಇವತ್ತಿಗೂ ಕೈ ನಡುಗುತ್ತದೆ.

ನಿಮ್ಮ ಬೆರಳಿಗೆ ಇದೊಂದೇ ಕಾರಣ ಅಂತ ನಾನು ಹೇಳಲಾರೆ. ರಕ್ತ ಕಡಿಮೆ ಇದೆಯಾ, ಥೈರಾಯ್ಡ್ ಹೇಗಿದೆ, ಡಾಕ್ಟರ ಹತ್ತಿರ ಕೇಳಿ ನೋಡಿಸಿಕೊಳ್ಳಿ. ಮಾತಾಡಬೇಕು ಅನ್ನಿಸಿದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ ಇದೆ, 14416. ಕನ್ನಡದಲ್ಲೇ ಮಾತಾಡಬಹುದು, ದುಡ್ಡಿಲ್ಲ. "ಟೆನ್ಷನ್ ಬಿಡಿ" ಅನ್ನುವ ಸಲಹೆ ಮಾತ್ರ ನಾನು ಕೊಡುವುದಿಲ್ಲ. ಸುಮ್ನೆ ಬಿಡೋಕೆ ಅದೇನು ಕೈಚೀಲವೇ?

ಇನ್ನು ಮುಂದಿನದು ನಿಮ್ಮ ಯಜಮಾನರಿಗೆ. ಪತ್ರಿಕೆ ಅವರ ಕೈಗೆ ಕೊಡಿ.

ಸ್ವಾಮಿ, ವಾರಕ್ಕೆ ಮೂರು ರಾತ್ರಿ ನಿಮ್ಮ ಹಾಸಿಗೆ ಅಮ್ಮನ ಕೋಣೆಗೆ ಹೋಗಲಿ. ಚಿಲಕದ ಸದ್ದಿಗೆ ನೀವು ಏಳಿ. ಅಮ್ಮ ನಮ್ಮೂರಿಗೆ ಹೊರಟೆ ಅಂದರೆ ಜಗಳ ಬೇಡ. ಯಾವ ಊರಮ್ಮ, ಮನೆ ಮುಂದೆ ಏನಿತ್ತು ಅಂತ ಕೇಳುತ್ತಾ ಕೂರಿಸಿಕೊಳ್ಳಿ, ಒಂದು ಲೋಟ ಬಿಸಿ ಹಾಲು ಕೊಡಿ. ಎರಡು ತಿಂಗಳು ಮಾಡಿ, ಆಮೇಲೆ ಪತ್ರ ನೀವೇ ಬರೆಯಿರಿ.

— ಸಂ.