ಓದುಗರ ಪ್ರಶ್ನೆ: ಕಾಣೆಯಾದ ಡಿಎಲ್‌ಎಲ್ ಕಡತವನ್ನು ಎಲ್ಲಿಂದ ತರಬೇಕು?

ಪ್ರಶ್ನೆ: ಕಲಬುರಗಿಯ ಸೂಪರ್ ಮಾರ್ಕೆಟ್ ಬಳಿ ಡಿಟಿಪಿ ಅಂಗಡಿ ನಡೆಸುತ್ತಿದ್ದೇನೆ. ಸುತ್ತಲಿನ ಊರುಗಳ ಭಜನಾ ತಂಡದವರು ಬರೆಯಿಸಿದ ತತ್ವಪದಗಳ ಸುಮಾರು 400 ಪುಟಗಳು ನುಡಿ ತಂತ್ರಾಂಶದ ಹಳೆಯ ಫಾಂಟಿನಲ್ಲಿ ನನ್ನ ಬಳಿ ಇವೆ. ಅವನ್ನು ಯೂನಿಕೋಡಿಗೆ, ಅಂದರೆ ಪ್ರತಿ ಅಕ್ಷರಕ್ಕೂ ಒಂದು ನಿಗದಿತ ಸಂಕೇತವಿರುವ ಸಾರ್ವತ್ರಿಕ ಪದ್ಧತಿಗೆ, ತರಲು ಒಂದು ಪರಿವರ್ತಕ ತಂತ್ರಾಂಶ ಹಾಕಿಕೊಂಡಾಗ ಯಾವುದೋ ಡಿಎಲ್‌ಎಲ್ ಕಡತ ಸಿಗಲಿಲ್ಲವೆಂಬ ಸಂದೇಶ ಬಂತು. ಅದೇ ಹೆಸರಿನ ಕಡತವನ್ನು ಅಂತರಜಾಲದಿಂದ ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಹಾಕಿದೆ. ಈಗ 7ಬಿ ಎಂದು ಕೊನೆಗೊಳ್ಳುವ ದೋಷಸಂಖ್ಯೆ ಕಾಣಿಸುತ್ತಿದೆ. ಮುಂದೇನು ಮಾಡಲಿ?

ಉತ್ತರ: ಮೊದಲು ಆ ಕಡತವನ್ನು ಸಿಸ್ಟಮ್32ರಿಂದ ತೆಗೆದುಹಾಕಿ. ಆದರೆ ಹಾಕುವಾಗ ಅದೇ ಹೆಸರಿನ ಕಡತ ಅಲ್ಲಿ ಮೊದಲೇ ಇದ್ದು, ನೀವು ಅದರ ಮೇಲೆ ಬರೆದಿದ್ದರೆ, ಬರಿದೇ ಅಳಿಸಿದರೆ ಸಾಲದು. ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಸಿಸ್ಟಮ್ ಫೈಲ್ ಚೆಕರ್ ನಡೆಸಿ. ವಿಂಡೋಸಿನದೇ ಆದ ಕಡತ ಕೆಟ್ಟಿದ್ದರೆ ಅದು ಸರಿಪಡಿಸುತ್ತದೆ, ಬೇರೆಯವರ ಕಡತಗಳನ್ನು ಮುಟ್ಟುವುದಿಲ್ಲ.

ಡಿಎಲ್‌ಎಲ್ ಎಂದರೆ ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಸಿದ್ಧ ಕೆಲಸಗಳ ಕಡತ. ಅಕ್ಷರಸಂಕೇತ ಬದಲಿಸುವುದು, ಚಿತ್ರದ ರೂಪ ಬದಲಿಸುವುದು ಮುಂತಾದ ಕೆಲಸಗಳನ್ನು ಪ್ರತಿ ತಂತ್ರಾಂಶವೂ ಹೊಸದಾಗಿ ಬರೆದುಕೊಳ್ಳದೆ ಇಂಥ ಒಂದೇ ಕಡತದಿಂದ ಕರೆದುಕೊಳ್ಳುತ್ತದೆ. ಹೆಸರು ಒಂದೇ ಇದ್ದ ಮಾತ್ರಕ್ಕೆ ಕಡತ ಒಂದೇ ಆಗುವುದಿಲ್ಲ. ಅದಕ್ಕೆ ಆವೃತ್ತಿಯೂ ಇದೆ, 32 ಬಿಟ್ ಅಥವಾ 64 ಬಿಟ್ ಎಂಬ ಜಾತಿಯೂ ಇದೆ, ಮತ್ತು 64 ಬಿಟ್ಟಿನ ತಂತ್ರಾಂಶವು 32 ಬಿಟ್ಟಿನ ಡಿಎಲ್‌ಎಲ್ಲನ್ನು ತನ್ನೊಳಗೆ ಸೇರಿಸಿಕೊಳ್ಳಲಾರದು. ನಿಮಗೆ ಬಂದ ದೋಷಸಂಖ್ಯೆ ಸಾಮಾನ್ಯವಾಗಿ ಹೇಳುವುದು ಇದನ್ನೇ. ಇಲ್ಲಿ ಹೆಸರುಗಳೂ ದಾರಿ ತಪ್ಪಿಸುತ್ತವೆ: 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ಟಿನ ಕಡತಗಳು, ಸಿಸ್‌ವೌ64 ಎಂಬುದರಲ್ಲಿರುವುದು 32 ಬಿಟ್ಟಿನವು.

ಕಾಣೆಯಾದ ಕಡತದ ಹೆಸರು ಎಂಎಸ್‌ವಿಸಿಪಿ ಅಥವಾ ವಿಸಿರನ್‌ಟೈಮ್ ಎಂದು ಆರಂಭವಾಗಿದ್ದರೆ, ಮೈಕ್ರೋಸಾಫ್ಟ್‌ನವರ ತಾಣದಲ್ಲಿ ಉಚಿತವಾಗಿ ಸಿಗುವ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಅನ್ನು ಎರಡೂ ಬಿಟ್ಟಿನದು ಹಾಕಿಕೊಳ್ಳಿ. ಬೇರೆ ಹೆಸರಿದ್ದರೆ ಪರಿವರ್ತಕ ತಂತ್ರಾಂಶವನ್ನು ಅದನ್ನು ಸಿದ್ಧಪಡಿಸಿದವರಿಂದಲೇ ಪೂರ್ಣವಾಗಿ ಮತ್ತೆ ಪಡೆದು ಹಾಕಿ. ವಿಂಡೋಸ್ ಬೇಕಾದ ಡಿಎಲ್‌ಎಲ್ಲನ್ನು ಸಾಮಾನ್ಯವಾಗಿ ಮೊದಲು ತಂತ್ರಾಂಶದ ಸ್ವಂತ ಫೋಲ್ಡರಿನಲ್ಲಿ, ಆಮೇಲೆ ಸಿಸ್ಟಮ್ ಫೋಲ್ಡರಿನಲ್ಲಿ ಹುಡುಕುವುದರಿಂದ, ಜೊತೆಗೆ ಬಂದ ಕಡತ ತನ್ನ ಜಾಗದಲ್ಲಿದ್ದರೆ ಬೇರೆ ಯಾವ ತಂತ್ರಾಂಶಕ್ಕೂ ತೊಂದರೆಯಾಗದು. ಬಿಡಿ ಡಿಎಲ್‌ಎಲ್ ಹಂಚುವ ಅಪರಿಚಿತ ತಾಣಗಳ ಕಡೆಗೆ ದಯವಿಟ್ಟು ಹೋಗಬೇಡಿ. ಡಿಎಲ್‌ಎಲ್ ಎಂಬುದು ಚಾಲನೆಯಾಗುವ ಕಡತ. ಅದರೊಳಗೆ ಯಾರು ಏನು ಸೇರಿಸಿದ್ದಾರೆಂದು ಹೊರಗಿನಿಂದ ತಿಳಿಯುವುದಿಲ್ಲ, ಮತ್ತು ಗಿರಾಕಿಗಳ ಆಧಾರ್ ಪ್ರತಿಗಳೂ ಅದೇ ಕಂಪ್ಯೂಟರಿನಲ್ಲಿ ಇರುತ್ತವೆ.

ಆದರೆ ನನಗೆ ಇದಕ್ಕಿಂತ ಹೆಚ್ಚು ಕಳವಳ ನಿಮ್ಮ ತತ್ವಪದಗಳದ್ದು. ಕಡತ ಕಾಣೆಯಾದರೆ ಕಂಪ್ಯೂಟರು ಹೇಳುತ್ತದೆ. ಪರಿವರ್ತನೆ ತಪ್ಪಿದರೆ ಹೇಳುವುದಿಲ್ಲ. ನುಡಿಯ ಹಳೆಯ ಫಾಂಟಿನಲ್ಲಿ ‘ಕ’ ಎಂಬುದು ಇಂಗ್ಲಿಷಿನ ದೊಡ್ಡ ಪಿ ಅಕ್ಷರದ ಸಂಕೇತ ಮತ್ತು ತಲೆಕಟ್ಟಿನ ಸಂಕೇತ ಎರಡೂ ಸೇರಿ ಆದದ್ದು. ಅಂದರೆ ಅಲ್ಲಿ ಉಳಿದಿರುವುದು ಅಕ್ಷರವಲ್ಲ, ಅಕ್ಷರದ ಆಕಾರದ ತುಂಡುಗಳು. ಕನ್ನಡ 1991ರ ಮೊದಲ ಆವೃತ್ತಿಯಿಂದಲೇ ಯೂನಿಕೋಡಿನಲ್ಲಿದ್ದು, ಅಲ್ಲಿ ‘ಕ’ ಅಕ್ಷರಕ್ಕೆ 0ಸಿ95 ಎಂಬ ಒಂದೇ ಸ್ಥಾನವಿದೆ. ‘ಸೂರ್ಯ’ ಪದವನ್ನು ನೋಡಿ. ಹಳೆಯ ಫಾಂಟಿನಲ್ಲಿ ‘ಯ’ ಮೊದಲು ಬಂದು ಅರ್ಕಾವತ್ತು ಅದರ ನಂತರ ಕೂರುತ್ತದೆ. ಯೂನಿಕೋಡಿನಲ್ಲಿ ನಾವು ಉಚ್ಚರಿಸುವ ಕ್ರಮದಲ್ಲೇ ‘ರ’, ಹಲಂತ, ‘ಯ’ ಎಂದು ಇರಬೇಕು. ಈ ಹಿಂದುಮುಂದನ್ನು ಪರಿವರ್ತಕ ಸರಿಯಾಗಿ ಮಾಡದಿದ್ದರೆ ‘ಧರ್ಮ’, ‘ಕರ್ಮ’, ‘ಮರ್ಮ’ ಎಲ್ಲವೂ ಕೆಡುತ್ತವೆ, ತತ್ವಪದಗಳಲ್ಲಿ ಇಂಥ ಪದಗಳು ಹೆಜ್ಜೆಹೆಜ್ಜೆಗೂ ಬರುತ್ತವೆ.

ಆದ್ದರಿಂದ ಮೂಲ ಕಡತಗಳ ಒಂದು ಪ್ರತಿಯನ್ನು ಪೆನ್‌ಡ್ರೈವಿನಲ್ಲಿ ಬೇರೆಯಾಗಿಟ್ಟು, ಮೊದಲು ಒಂದೇ ಪುಟವನ್ನು ಪರಿವರ್ತಿಸಿ, ‘ಸೂರ್ಯ’, ‘ಶಾಸ್ತ್ರ’, ‘ಜ್ಞಾನ’, ‘ಲಕ್ಷ್ಮಿ’, ‘ಕೃಷ್ಣ’ ಇಂಥ ಪದಗಳನ್ನು ಮೂಲದ ಮುದ್ರಿತ ಹಾಳೆಯ ಪಕ್ಕದಲ್ಲಿಟ್ಟು ಓದಿ. ಆ ತತ್ವಪದಗಳನ್ನು ಹಾಡುವವರೊಬ್ಬರು ಜೊತೆಗಿದ್ದರೆ ಇನ್ನೂ ಒಳ್ಳೆಯದು, ಏಕೆಂದರೆ ನಮ್ಮ ಭಾಗದ ಆಡುಮಾತಿನ ರೂಪ ಯಾವುದು, ಪರಿವರ್ತನೆಯ ತಪ್ಪು ಯಾವುದು ಎಂಬುದು ಅವರ ಕಿವಿಗೆ ಕೂಡಲೇ ತಿಳಿಯುತ್ತದೆ. ಸಾದಾ ಪಠ್ಯವಾಗಿ ಉಳಿಸಿದ ಕಡತ ಗಾತ್ರದಲ್ಲಿ ಬೆಳೆದರೆ ಗಾಬರಿಯಾಗಬೇಡಿ. ಯೂನಿಕೋಡ್ ಪಠ್ಯವನ್ನು ಕಡತದಲ್ಲಿ ಉಳಿಸುವ ಯುಟಿಎಫ್-8 ಕ್ರಮದಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೂ 3 ಬೈಟ್ ಬೇಕು, ‘ಕಲಬುರಗಿ’ ಎಂಬ ಪದವೊಂದಕ್ಕೇ 21.

ಪ್ರಶ್ನೆ: ಹುಮನಾಬಾದಿನ ವಿದ್ಯಾರ್ಥಿ ನಾನು. ಲಿನಕ್ಸಿನಲ್ಲಿ ಹಳೆಯ ಪರಿವರ್ತಕವೊಂದು ಯೂನಿಕೋಡ್ ಪಠ್ಯದ ಕೆಲಸಗಳಿಗೆ ಬಳಸುವ ಐಸಿಯು ಲೈಬ್ರರಿಯ (ಡಿಎಲ್‌ಎಲ್‌ನಂತೆಯೇ ಹಂಚಿಕೊಂಡು ಬಳಸುವ ಕಡತ) ಹಳೆಯ ಆವೃತ್ತಿಯನ್ನು ಕೇಳುತ್ತದೆ. ಹೊಸ ಆವೃತ್ತಿಯ ಕಡತಕ್ಕೆ ಹಳೆಯ ಹೆಸರಿನ ಸಿಂಬಾಲಿಕ್ ಲಿಂಕ್ (ಅದೇ ಕಡತವನ್ನು ಇನ್ನೊಂದು ಹೆಸರಿನಿಂದ ತೋರಿಸುವ ಕೊಂಡಿ) ಮಾಡು ಎಂದು ಗೆಳೆಯ ಹೇಳುತ್ತಾನೆ. ಮಾಡಬಹುದೇ?

ಉತ್ತರ: ಮಾಡಬೇಡಿ. ಐಬಿಎಂ 1999ರಲ್ಲಿ ಮುಕ್ತಗೊಳಿಸಿದ, 2016ರಿಂದ ಯೂನಿಕೋಡ್ ಒಕ್ಕೂಟದ ಆಶ್ರಯದಲ್ಲಿರುವ ಐಸಿಯುವಿನಲ್ಲಿ, ಕಡತದ ಹೆಸರಿನಲ್ಲಷ್ಟೇ ಅಲ್ಲ, ಸಾಮಾನ್ಯವಾಗಿ ಒಳಗಿನ ಪ್ರತಿ ಫಂಕ್ಷನ್ನಿನ ಹೆಸರಿನ ಕೊನೆಯಲ್ಲೂ ಆವೃತ್ತಿಯ ಸಂಖ್ಯೆ ಅಂಟಿಕೊಂಡಿರುತ್ತದೆ. ಲಿಂಕಿನಿಂದ ಕಡತ ಸಿಕ್ಕರೂ ಒಳಗಿನ ಹೆಸರುಗಳು ಹೊಂದುವುದಿಲ್ಲ. ಎಲ್‌ಡಿಡಿ ಎಂಬ ಆದೇಶವನ್ನು ಆ ಪರಿವರ್ತಕದ ಮೇಲೆ ನಡೆಸಿದರೆ ಯಾವ ಲೈಬ್ರರಿ ಸಿಗುತ್ತಿಲ್ಲವೆಂಬುದು ಸಾಲುಸಾಲಾಗಿ ಕಾಣುತ್ತದೆ. ಪರಿವರ್ತಕದ ಮೂಲ ಆಕರ (ಸೋರ್ಸ್ ಕೋಡ್) ಸಿಗುವಂತಿದ್ದರೆ ಈಗಿರುವ ಐಸಿಯುವಿನೊಂದಿಗೆ ಪರಿವರ್ತಕವನ್ನು ಮತ್ತೆ ಕಂಪೈಲ್ ಮಾಡಿ. ಸಿಗದಿದ್ದರೆ ಹಳೆಯ ಆವೃತ್ತಿಯ ಲೈಬ್ರರಿಯನ್ನು ಬೇರೊಂದು ಫೋಲ್ಡರಿನಲ್ಲಿಟ್ಟು, ಎಲ್‌ಡಿ ಲೈಬ್ರರಿ ಪಾತ್ ಎಂಬ ಪರಿಸರ ಚರದ (ಲೈಬ್ರರಿಗಳನ್ನು ಎಲ್ಲಿ ಹುಡುಕಬೇಕೆಂದು ತಿಳಿಸುವ ಸೆಟ್ಟಿಂಗಿನ) ಮೂಲಕ ಆ ಒಂದು ತಂತ್ರಾಂಶಕ್ಕೆ ಮಾತ್ರ ತೋರಿಸಿ.