ನೀವು ಕೇಳಿದ್ದು: ಮಂಡಿನೋವಿನ ಅಮ್ಮನ ಜೊತೆ ಉಡುಪಿಯಲ್ಲಿ ಮೂರು ದಿನ

ಪ್ರಶ್ನೆ: ನಾವು ಚಿತ್ರದುರ್ಗದವರು. ಡಿಸೆಂಬರ್‌ನಲ್ಲಿ ನಾನು, ಅಮ್ಮ, ಅತ್ತೆ ಮೂವರೇ ಉಡುಪಿಗೆ ಬರಬೇಕು ಅಂತಿದ್ದೇವೆ. ಅಮ್ಮನಿಗೆ 68. ಮಂಡಿನೋವು ಇದೆ, ಆದರೂ ನಡೆಯುವ ಆಸೆ ಜಾಸ್ತಿ. ಬಸ್ಸಿಂದ ಇಳಿ, ಫೋಟೊ ತೆಗಿ, ಹತ್ತು ಅನ್ನುವ ಟೂರ್ ಬೇಡ. ಜೊತೆಗೆ ಯಾರಾದರೂ ಇದ್ದು, ಜಾಗದ ಬಗ್ಗೆ ಹೇಳುತ್ತಾ ನಿಧಾನವಾಗಿ ನಡೆಸುವಂಥದ್ದು ಇದೆಯಾ? ಮೂರು ದಿನದಲ್ಲಿ ಮುರ್ಡೇಶ್ವರ, ಧರ್ಮಸ್ಥಳವನ್ನೂ ಸೇರಿಸಬಹುದಾ?

ಉತ್ತರ: ಕೊನೆಯ ಪ್ರಶ್ನೆಗೇ ಮೊದಲು ಉತ್ತರ. ಬೇಡ ಮಾರಾಯ್ರೇ. ಎರಡೂ ಉಡುಪಿಯಿಂದ ಹತ್ತಿರ ಹತ್ತಿರ ನೂರು ಕಿಲೋಮೀಟರ್, ಅದೂ ಒಂದು ಆ ಕಡೆ, ಒಂದು ಈ ಕಡೆ. ನೀವು ಬೇಡ ಅಂದ ಟೂರೇ ಆಗಿಬಿಡುತ್ತದೆ. ಬೆಳಿಗ್ಗೆ ಒಂದು ನಡಿಗೆ, ಸಂಜೆ ಒಂದು ನಡಿಗೆ, ನಡುವೆ ಊಟ ಮಾಡಿ ಒಳ್ಳೆ ನಿದ್ದೆ. ಅಷ್ಟೇ ಸಾಕು. ಡಿಸೆಂಬರ್ ಅಂದರೆ ಚಳಿಗಾಲ ಅಂತ ಸ್ವೆಟರ್ ತುಂಬಿಕೊಂಡು ಬರಬೇಡಿ, ಇಲ್ಲಿ ಹನ್ನೊಂದು ಗಂಟೆಗೆಲ್ಲ ಶೆಕೆ ಶುರು.

ಮೊದಲ ಬೆಳಿಗ್ಗೆ ರಥಬೀದಿಗೆ ಹೋಗಿ. ಆದಷ್ಟು ಬೇಗ, ಟೂರಿಸ್ಟ್ ಬಸ್ಸುಗಳು ಬರುವ ಮೊದಲು. ಸಣ್ಣ ಸುತ್ತು, ಸಮತಟ್ಟಾದ ದಾರಿ. ಇಲ್ಲಿಯ ಪದ್ಧತಿ ಏನೆಂದರೆ ಮೊದಲು ಚಂದ್ರಮೌಳೀಶ್ವರ, ಆಮೇಲೆ ಅನಂತೇಶ್ವರ, ಕೊನೆಗೆ ಕೃಷ್ಣ. ಹೆಚ್ಚಿನವರು ಸೀದಾ ಕೃಷ್ಣನ ಕ್ಯೂಗೆ ನಿಂತುಬಿಡುತ್ತಾರೆ, ಎದುರಿಗೇ ಇರುವ ಎರಡು ಹಳೆಯ ದೇವಸ್ಥಾನ ಅವರ ಕಣ್ಣಿಗೆ ಬೀಳುವುದೇ ಇಲ್ಲ. ಇನ್ನು ಅತ್ತೆಗೆ ಒಂದು ಆಟ ಕೊಡಿ: ಅಷ್ಟಮಠಗಳ ಬೋರ್ಡ್ ಹುಡುಕುವುದು. ಪಲಿಮಾರು, ಅದಮಾರು, ಕೃಷ್ಣಾಪುರ, ಪುತ್ತಿಗೆ, ಶೀರೂರು, ಸೋದೆ, ಕಾಣಿಯೂರು, ಪೇಜಾವರ. ಎಂಟೂ ಸಿಕ್ಕಿದ ಮೇಲೆ ಬನ್ಸ್ ತಿನ್ನಬಹುದು. ಸಿಗದಿದ್ದರೂ ತಿನ್ನಬಹುದು ಅನ್ನಿ. ಪ್ರವಾಸ ಜನವರಿಗೆ ಹೋದರೆ ಮಾತ್ರ ಹುಷಾರು. ಸಂಕ್ರಾಂತಿ ಹೊತ್ತಿಗೆ ಇಲ್ಲಿ ಸಪ್ತೋತ್ಸವ, ಎರಡು ವರ್ಷಕ್ಕೊಮ್ಮೆ ಜನವರಿ 18ಕ್ಕೆ ಪರ್ಯಾಯ, ಅಂದರೆ ಕೃಷ್ಣನ ಪೂಜೆಯ ಹೊಣೆ ಒಂದು ಮಠದಿಂದ ಇನ್ನೊಂದಕ್ಕೆ ಹೋಗುವ ಉತ್ಸವ. ನೋಡಲು ಗಮ್ಮತ್ತು, ಮಂಡಿನೋವಿನವರಿಗಲ್ಲ.

ಜೊತೆಗಿದ್ದು ವಿವರಿಸುವವರು ಬೇಕು ಅಂದಿರಲ್ಲ, ಅದಕ್ಕೆ ನನ್ನ ಮೊದಲ ಆಯ್ಕೆ ಮಣಿಪಾಲದ ಹಸ್ತಶಿಲ್ಪ ಹೆರಿಟೇಜ್ ವಿಲೇಜ್. ವಿಜಯನಾಥ ಶೆಣೈ ಅವರು ಕೆಡವಲು ಹೊರಟಿದ್ದ ಹಳೇ ಮನೆಗಳನ್ನು ಬಿಚ್ಚಿಸಿ ತಂದು ಇಲ್ಲಿ ಮತ್ತೆ ಕಟ್ಟಿಸಿದರು. ಕುಂಜೂರಿನ ಚೌಕಿಮನೆ ಇದೆ, ಮುಧೋಳದ ದರ್ಬಾರ್ ಹಾಲ್ ಇದೆ. ಮೊದಲೇ ಫೋನ್ ಮಾಡಿ ಗೈಡ್ ಜೊತೆ ಹೋಗುವ ಹೊತ್ತು ಕೇಳಿಕೊಳ್ಳಿ. ಸೋಮವಾರ ರಜೆ. ಅಮ್ಮನಿಗೆ ಒಂದೇ ಎಚ್ಚರಿಕೆ: ಹಳೇ ಮನೆಗಳ ಹೊಸ್ತಿಲು ಎತ್ತರ, ಬಾಗಿಲು ಗಿಡ್ಡ. ಹೊಸ್ತಿಲು ನೋಡುತ್ತಾ ಹೋದರೆ ತಲೆ ತಾಗುತ್ತದೆ, ತಲೆ ಬಗ್ಗಿಸಿ ಹೋದರೆ ಕಾಲು ಎಡವುತ್ತದೆ. ನನಗೆ ಎರಡೂ ಆಗಿದೆ, ಒಂದೇ ಬಾಗಿಲಲ್ಲಿ.

ಖಾಸಗಿ ಗೈಡ್ ಮಾಡಿಕೊಳ್ಳುವುದಾದರೆ ದುಡ್ಡು ಕೊಡುವ ಮೊದಲು ನಾಲ್ಕು ಮಾತು ಕೇಳಿ. ಗುಂಪಿನಲ್ಲಿ ಎಷ್ಟು ಜನ? ದಾರಿಯಲ್ಲಿ ಕೂರಲು ಜಾಗ ಎಲ್ಲಿ? ಟಾಯ್ಲೆಟ್ ಎಲ್ಲಿ? ಅರ್ಧಕ್ಕೆ ಸಾಕು ಅಂದರೆ ಆಟೋ ಸಿಗುತ್ತದಾ? ಇದಕ್ಕೆ ಸರಿಯಾಗಿ ಉತ್ತರ ಕೊಡದವರು ಜಾಗದ ಬಗ್ಗೆ ಎಷ್ಟು ಚೆನ್ನಾಗಿ ಮಾತಾಡಿದರೂ ಪ್ರಯೋಜನ ಇಲ್ಲ. ನಮ್ಮ ದೊಡ್ಡಮ್ಮನನ್ನು ಒಮ್ಮೆ ಒಂದು ತಂಡದ ಜೊತೆ ‘ಸುಲಭ ನಡಿಗೆ, ಎರಡೇ ಕಿಲೋಮೀಟರ್’ ಅಂತ ನಂಬಿ ಕಳಿಸಿದ್ದೆ. ಮೂವತ್ತು ಜನ ಇದ್ದರಂತೆ. ಗೈಡ್ ಮುಂದೆ ಮೈಕ್ ಹಿಡಿದು ಹೋಗುತ್ತಿದ್ದರೆ ದೊಡ್ಡಮ್ಮ ಕೊನೆಯಲ್ಲಿ, ಒಂದು ಅಕ್ಷರ ಕೇಳಿಸಿಲ್ಲ, ಎರಡು ಕಿಲೋಮೀಟರ್ ಐದಾಗಿ, ಮುರಕಲ್ಲಿನ ದಾರಿಯಲ್ಲಿ ಚಪ್ಪಲಿಯ ಬಾರು ಕಿತ್ತು, ಕೊನೆಗೆ ಯಾರದೋ ಬೈಕಿನಲ್ಲಿ ಕೂತು ಮನೆಗೆ ಬಂದರು. ಒಂದು ವಾರ ನನ್ನ ಹತ್ತಿರ ಮಾತಿಲ್ಲ.

ಈಗ ಸಮುದ್ರ. ಮಂಡಿನೋವಿನವರಿಗೆ ಮರಳು ಆಗುವುದಿಲ್ಲ ಅಂತ ಎಲ್ಲರೂ ಹೇಳುತ್ತಾರೆ. ಒಣ ಮರಳು ಆಗುವುದಿಲ್ಲ, ಸರಿ. ಕಾಲು ಹೂತು ಹೂತು ಎಳೆಯಬೇಕಾಗುತ್ತದೆ. ಆದರೆ ನೀರು ಇಳಿದಾಗ ಅಲೆಯ ಅಂಚಿನಲ್ಲಿ ಅಗಲವಾದ ಒದ್ದೆ ಮರಳು ಬಿಡುತ್ತದಲ್ಲ, ಅದು ಬೇರೆಯೇ. ಅಲ್ಲಿ ಪಾದ ಊರಿ ನೋಡಿ. ಪಾದದ ಸುತ್ತ ಮರಳು ಒಂದು ಕ್ಷಣ ಬೆಳ್ಳಗಾಗಿ ಒಣಗಿದ ಹಾಗೆ ಕಾಣುತ್ತದೆ, ಕಾಲೆತ್ತಿದ ಕೂಡಲೇ ಮತ್ತೆ ಕಪ್ಪು. ಹಾಗೆ ಆಗುವ ಜಾಗ ಗಟ್ಟಿ, ಅಂಗಳದ ಹಾಗೆ ನಡೆಯಬಹುದು. ನೀರು ಏರಿದ್ದಾಗ ಉಳಿಯುವುದು ಮೇಲಿನ ಇಳಿಜಾರು ಮಾತ್ರ. ಅಲ್ಲಿ ನಡೆದರೆ ಒಂದು ಕಾಲು ಮೇಲೆ, ಒಂದು ಕಾಲು ಕೆಳಗೆ, ರಾತ್ರಿಗೆ ಸೊಂಟ ಹಿಡಿಯುತ್ತದೆ. ಆದ್ದರಿಂದ ಸೂರ್ಯಾಸ್ತದ ಟೈಮ್ ನೋಡುವ ಮೊದಲು ಇಳಿತದ ಟೈಮ್ ನೋಡಿ. ಅದು ದಿನಕ್ಕೆ ಸುಮಾರು 50 ನಿಮಿಷ ಮುಂದೆ ಹೋಗುತ್ತಾ ಇರುತ್ತದೆ. ಮಲ್ಪೆಯಲ್ಲಿ ಬಲೆ ರಿಪೇರಿ ಮಾಡುತ್ತಾ ಕೂತವರನ್ನು ಕೇಳಿದರೆ ಮೊಬೈಲ್ ನೋಡದೆ ಹೇಳುತ್ತಾರೆ.

ಮಲ್ಪೆಯಲ್ಲಿ ಸಂಜೆ ಜನ ಜಾತ್ರೆ. ಅದಕ್ಕೇ ನಾನು ಎರಡನೇ ದಿನಕ್ಕೆ ಕಟಪಾಡಿ ಹತ್ತಿರದ ಮಟ್ಟು ಅನ್ನುತ್ತೇನೆ. ಅಲ್ಲಿ ಒಂದು ಕಡೆ ಸಮುದ್ರ, ಇನ್ನೊಂದು ಕಡೆ ಹೊಳೆ, ನಡುವೆ ರಸ್ತೆ. ಮರಳಿಗೆ ಇಳಿಯದೆಯೂ ಕಡಲ ಪಕ್ಕ ನಡೆಯಬಹುದು. ಮಟ್ಟುಗುಳ್ಳ ಬೆಳೆಯುವ ಊರು ಇದೇ. ದುಂಡಗೆ, ತಿಳಿಹಸಿರು ಬದನೆ, 2011ರಲ್ಲಿ ಜಿಐ (ಭೌಗೋಳಿಕ ಗುರುತು) ಮಾನ್ಯತೆ ಸಿಕ್ಕಿದ್ದು. ವಾದಿರಾಜರು ಬೀಜ ಕೊಟ್ಟರು ಅಂತ ಊರಿನ ಕಥೆ. ಗದ್ದೆಯಲ್ಲಿ ಯಾರಾದರೂ ಕಂಡರೆ ನಿಂತು ಮಾತಾಡಿಸಿ. ಅದಕ್ಕಿಂತ ಒಳ್ಳೆ ಗೈಡ್ ಸಿಗಲಿಕ್ಕಿಲ್ಲ, ಅಮ್ಮನಿಗೆ ಬೋಳುಹುಳಿ ಮಾಡುವ ವಿಧಾನವೂ ಸಿಗುತ್ತದೆ. ಕಾಪು ದೀಪಸ್ತಂಭ ಅಲ್ಲಿಂದ ದೂರ ಇಲ್ಲ. 1901ರದ್ದು. ಮೆಟ್ಟಿಲು ನೀವು ಹತ್ತಿ, ಅವರಿಬ್ಬರು ಕೆಳಗೆ ಕೂತು ಗಾಳಿ ತಿನ್ನಲಿ.

ಮೂರನೇ ದಿನ ಸೇಂಟ್ ಮೇರೀಸ್ ದ್ವೀಪ, ಆದರೆ ಅಮ್ಮನ ಮಂಡಿ ಆ ದಿನ ಹೇಗಿದೆ ನೋಡಿಕೊಂಡು. ದೋಣಿ ಹತ್ತಿ ಇಳಿಯುವಾಗ ಕೈ ಹಿಡಿಯಲೇಬೇಕು. ಚಪ್ಪಲಿ ಬಿಡಬೇಡಿ, ಅಲ್ಲಿ ಮರಳಿಗಿಂತ ಚಿಪ್ಪಿನ ಚೂರು ಜಾಸ್ತಿ, ಚುಚ್ಚುತ್ತದೆ. ಆರು ಮೂಲೆಯ ಕಲ್ಲಿನ ಕಂಬಗಳು ಹೇಗೆ ಬಂದವು ಅಂತ ಅತ್ತೆ ಕೇಳಿದರೆ ಹೀಗೆ ಹೇಳಿ: ಬೇಸಿಗೆಯಲ್ಲಿ ನಿಮ್ಮೂರಿನ ಕೆರೆಯ ಕೆಸರು ಒಣಗಿ ಚೂರು ಚೂರಾಗಿ ಬಿರಿಯುತ್ತದಲ್ಲ, ಹಾಗೆಯೇ ಲಾವಾ ತಣ್ಣಗಾಗಿ ಕುಗ್ಗಿ, ಮೇಲಿಂದ ಆಳದವರೆಗೆ ಬಿರಿದದ್ದು. ಅದಾಗಿ ಸುಮಾರು 8.8 ಕೋಟಿ ವರ್ಷ. ಆಗ ಮಡಗಾಸ್ಕರ್ ನಮ್ಮ ಈ ದಡದಿಂದ ಬೇರೆಯಾಗುತ್ತಿತ್ತು. ಕಲ್ಲಿನ ಮೇಲೆ ಹತ್ತುವ ಸಾಹಸ ಬೇಡ, ತೆಂಗಿನ ಮರದ ನೆರಳಿನಿಂದಲೇ ಚೆನ್ನಾಗಿ ಕಾಣುತ್ತದೆ.

ರೂಮು ಉಡುಪಿ ಪೇಟೆಯಲ್ಲೇ ಮಾಡಿ. ಬೀಚ್ ಪಕ್ಕದ್ದು ಚೆಂದ, ಆದರೆ ರಾತ್ರಿ ಊಟಕ್ಕೂ ಆಟೋ ಹುಡುಕಬೇಕು. ಲಿಫ್ಟ್ ಇದೆಯಾ ಅಂತ ಕೇಳಿ. ಲಿಫ್ಟ್ ಕೆಲಸ ಮಾಡುತ್ತದಾ ಅಂತಲೂ ಕೇಳಿ.

ಪ್ರಶ್ನೆ: ಮಳೆಗಾಲದಲ್ಲಿ ಬಂದರೆ ಹೇಗೆ? ರೂಮು ಅಗ್ಗ ಅಂತಾರೆ.

ಉತ್ತರ: ಅಗ್ಗ ಹೌದು. ಮಳೆ ನೋಡಲಿಕ್ಕೇ ಬರುವುದಾದರೆ ಖಂಡಿತ ಬನ್ನಿ, ಜಗಲಿಯಲ್ಲಿ ಕೂತು ಪತ್ರೊಡೆ ತಿನ್ನುವ ಸುಖ ಬೇರೆ ಕಾಲದಲ್ಲಿ ಇಲ್ಲ. ಆದರೆ ದ್ವೀಪದ ದೋಣಿ ಇರುವುದಿಲ್ಲ, ಅಲೆಯ ಹತ್ತಿರ ಹೋಗುವ ಹಾಗಿಲ್ಲ. ಜೂನ್, ಜುಲೈ ಯಾಂತ್ರಿಕ ದೋಣಿಗಳ ಮೀನುಗಾರಿಕೆಗೂ ರಜೆ, ಹಾಗಾಗಿ ಮೀನೂಟದ ಆಸೆ ಸ್ವಲ್ಪ ಕಡಿಮೆ ಇಟ್ಟುಕೊಳ್ಳಿ.

ಪ್ರಶ್ನೆ: ಮಂಗಳೂರಿನಲ್ಲಿ ಅರ್ಧ ದಿನ ಇದೆ. ಸಣ್ಣ ಮಗು ಜೊತೆಗಿದೆ. ಎಲ್ಲಿ ನಡೆಯಲಿ?

ಉತ್ತರ: ಬೆಳಿಗ್ಗೆ ಅಲೋಶಿಯಸ್ ಚಾಪೆಲ್. ಇಟಲಿಯ ಅಂತೋನಿಯೋ ಮೊಸ್ಕೆನಿ 1899ರಿಂದ 1901ರ ತನಕ ಗೋಡೆ, ಛಾವಣಿ ಎಲ್ಲ ಚಿತ್ರ ಬರೆದು ತುಂಬಿಸಿದ್ದಾರೆ. ಬೆಂಚಿನಲ್ಲಿ ಕೂತು ತಲೆ ಎತ್ತಿದರೆ ಆಯಿತು, ಕಾಲಿಗೆ ಕೆಲಸವೇ ಇಲ್ಲ. ಆಮೇಲೂ ಟೈಮ್ ಉಳಿದರೆ ಸುಲ್ತಾನ್ ಬತ್ತೇರಿ ಹತ್ತಿಸಿ, ಸಣ್ಣ ಕೋಟೆ, ಮೇಲಿಂದ ಹೊಳೆ ಕಾಣುತ್ತದೆ. ಬಿಸಿಲಿಗೆ ಟೊಪ್ಪಿ ಮರೆಯಬೇಡಿ, ಬದಲಿ ಬಟ್ಟೆ ಎರಡು ಜೊತೆ ಇರಲಿ.