ಪ್ರಶ್ನೋತ್ತರ: ಮನೆಯಲ್ಲೇ ಕಟ್ಟಿದ ಹಾಡು, ಮಂಕಾದ ಕ್ಯಾಸೆಟ್

ಪ್ರಶ್ನೆ: ತಂದೆಯವರು ತಾವೇ ಬರೆದ ಹಾಡುಗಳನ್ನು ಹಾರ್ಮೋನಿಯಂ ನುಡಿಸುತ್ತಾ ಹಾಡಿ ಟೇಪ್ ಮಾಡಿಟ್ಟಿದ್ದಾರೆ. ಈಗ ಹಾಕಿದರೆ ಕಂಬಳಿ ಹೊದ್ದು ಹಾಡಿದಂತಿದೆ, ಶ್ರುತಿಯೂ ಏರಿದೆ. ಕಂಪ್ಯೂಟರಿಗೆ ಇಳಿಸಿಕೊಳ್ಳುವುದು ಹೇಗೆ? (ಹಾಸನ)

ಉತ್ತರ: ಪ್ಲೇ ಒತ್ತುವ ಮೊದಲು ಕ್ಯಾಸೆಟ್ಟಿನ ಹಿಂಬದಿ ಅಂಚಿನ ಎರಡು ಪ್ಲಾಸ್ಟಿಕ್ ಕಿವಿಗಳನ್ನು ಮುರಿಯಿರಿ. ಕೈತಪ್ಪಿ ರೆಕಾರ್ಡ್ ಗುಂಡಿ ಒತ್ತಿದರೂ ಹಾಡು ಅಳಿಸಿಹೋಗದು. ಸುರುಳಿಯ ಅಂಚಿನಲ್ಲಿ ಬಿಳಿ ಬೂಷ್ಟು ಕಂಡರೆ ಅದನ್ನು ಓಡಿಸಲೇಬೇಡಿ. ಬೂಷ್ಟು ಹೆಡ್ಡಿಗೆ (ಟೇಪಿನಿಂದ ಸದ್ದನ್ನು ಓದುವ ಭಾಗಕ್ಕೆ) ಅಂಟಿ ಮಿಕ್ಕ ಕ್ಯಾಸೆಟ್‌ಗಳಿಗೂ ಹರಡುತ್ತದೆ. ಟೇಪಿನ ಹಿಂದೆ ನಡುಮಧ್ಯದಲ್ಲಿ ಒಂದು ಸಣ್ಣ ಫೆಲ್ಟ್ ಪ್ಯಾಡ್ ಇರಬೇಕು. ಅದು ಉದುರಿದ್ದರೆ ಟೇಪು ಹೆಡ್ಡಿಗೆ ಒತ್ತುವುದಿಲ್ಲ, ಸದ್ದು ಬಂದು ಬಂದು ಹೋಗುತ್ತದೆ. ಸ್ಕ್ರೂ ಇರುವ ಬೇರೆ ಕ್ಯಾಸೆಟ್ ಬಿಚ್ಚಿ ಸುರುಳಿಗಳನ್ನು ಅದರೊಳಗೆ ಕೂರಿಸಿ.

ಹೆಡ್ಡನ್ನು ಐಸೋಪ್ರೊಪೈಲ್ ಆಲ್ಕೊಹಾಲ್ ಹಚ್ಚಿದ ಹತ್ತಿಕಡ್ಡಿಯಿಂದ ಒರೆಸಿ. ಟೇಪಿನ ಹಿನ್ನೆಲೆ ಸದ್ದನ್ನು ತಗ್ಗಿಸುವ ಡಾಲ್ಬಿ ಸ್ವಿಚ್ ಆಫ್ ಮಾಡಿ. ಡಾಲ್ಬಿ ಇಲ್ಲದೆ ಮಾಡಿದ ಟೇಪಿನ ತಾರಸ್ವರವನ್ನು ಅದು ನುಂಗುತ್ತದೆ. ಆಮೇಲೂ ಮಂಕಾಗಿದ್ದರೆ ಹೆಡ್ಡಿನ ಓರೆಯೇ ಕಾರಣವೆನ್ನಬಹುದು. ಅಂದಿನ ಸೆಟ್ಟಿನ ಹೆಡ್ ನಿಂತಿದ್ದ ಕೋನ ಬೇರೆ, ನಿಮ್ಮದರ ಕೋನ ಬೇರೆ. ಹೆಡ್ಡಿನ ಪಕ್ಕದಲ್ಲಿ ಸ್ಪ್ರಿಂಗ್ ಇರುವ ಸಣ್ಣ ಸ್ಕ್ರೂವನ್ನು ಟೇಪು ಓಡುತ್ತಿರುವಾಗಲೇ ಕೂದಲೆಳೆಯಷ್ಟು ತಿರುಗಿಸುತ್ತಾ ಹೋಗಿ. ‘ಸ’, ‘ಶ’ ಅಕ್ಷರಗಳು ಚುರುಕಾಗಿ ಕೇಳಿಸಿದಲ್ಲಿ ನಿಲ್ಲಿಸಿ.

ಶ್ರುತಿ ಏರಿದ್ದಕ್ಕೆ ಬಹುಶಃ ಸೆಲ್ಲು ಇಳಿದಿದ್ದ ರೆಕಾರ್ಡರ್ ಕಾರಣ. ಅಂದು ನಿಧಾನಕ್ಕೆ ಓಡಿದ ಟೇಪು ಸರಿಯಾದ ವೇಗದಲ್ಲಿ, ಅಂದರೆ ಸೆಕೆಂಡಿಗೆ 4.76 ಸೆಂ.ಮೀ., ಓಡಿದಾಗ ಸ್ವರ ಮೇಲೇರುತ್ತದೆ. ಆ ಹಾರ್ಮೋನಿಯಂ ಇನ್ನೂ ಮನೆಯಲ್ಲಿದೆಯೇ? ಹಾಡಿನಲ್ಲಿ ಹಿಡಿದ ಷಡ್ಜದ ಮನೆಯನ್ನೇ ಒತ್ತಿ, ಅದಕ್ಕೆ ಕೂಡುವವರೆಗೆ ಕಂಪ್ಯೂಟರಿನಲ್ಲಿ ವೇಗ ತಗ್ಗಿಸಿ. ಇದಕ್ಕಿಂತ ನಂಬಿಕಸ್ಥ ಅಳತೆ ಸಿಗದು.

ಡೆಕ್ಕಿನ (ಕ್ಯಾಸೆಟ್ ಪ್ಲೇಯರಿನ) ಲೈನ್ ಔಟ್‌ನಿಂದ ಆಡಿಯೊ ಇಂಟರ್ಫೇಸಿಗೆ, ಅಂದರೆ ಸದ್ದನ್ನು ಕಂಪ್ಯೂಟರಿಗೆ ಊಡುವ ಪೆಟ್ಟಿಗೆಗೆ, ಕೊಡಿ, ಮೊಬೈಲಿನ ಮೈಕ್ ಜ್ಯಾಕಿಗಲ್ಲ. 24 ಬಿಟ್, 96 ಕಿಲೊಹರ್ಟ್ಸ್ ವೇವ್ (WAV) ಫೈಲಾಗಿ ಉಳಿಸಿ. ಸ್ಟೀರಿಯೊ ಆದರೆ ಗಂಟೆಗೆ ಸುಮಾರು 2 ಜಿಬಿ. ರೆಕಾರ್ಡಿಂಗ್ ಮಟ್ಟ ಮೈನಸ್ 6 ಡೆಸಿಬೆಲ್ ದಾಟದಿರಲಿ. ಮೂಲ ಫೈಲಿನಲ್ಲಿ ಗೊರಗೊರ ತೆಗೆಯಲು ಹೋಗಬೇಡಿ, ಹಾಡಿನ ಮಧ್ಯದ ಕೆಮ್ಮು, ಕುಕ್ಕರ್ ಸೀಟಿ, ‘ಶುರು ಮಾಡ್ಲಾ?’ ಎಲ್ಲ ಇರಲಿ. ತಿದ್ದುವುದೇನಿದ್ದರೂ, ವೇಗವೂ ಸೇರಿ, ಪ್ರತಿಯ ಮೇಲೆ.

ಪ್ರಶ್ನೆ: ತಾಳ ತಪ್ಪಿದ ಇಂಥ ಹಾಡುಗಳನ್ನು ಹೊರದೇಶಗಳಲ್ಲಿ ಸಂಗ್ರಹಿಸುತ್ತಾರಂತೆ, ನಿಜವೇ? (ಕುಂದಾಪುರ)

ಉತ್ತರ: ನಿಜ. ಅಮೆರಿಕದ ನ್ಯೂ ಹ್ಯಾಂಪ್‌ಶೈರಿನ ಫ್ರಿಮಾಂಟ್ ಊರಿನ ವಿಗ್ಗಿನ್ ಅಕ್ಕತಂಗಿಯರ ‘ದಿ ಶ್ಯಾಗ್ಸ್’ ತಂಡದ 1969ರ ರೆಕಾರ್ಡ್ ಬಹುತೇಕ ಕಾಣೆಯಾಗಿತ್ತು. ಉಳಿದವುಗಳಲ್ಲಿ ಒಂದು ಪ್ರತಿ ಎನ್‌ಆರ್‌ಬಿಕ್ಯೂ ಎಂಬ ರಾಕ್ ತಂಡದವರ ಕೈಸೇರಿ 1980ರಲ್ಲಿ ಮರುಮುದ್ರಣವಾಯಿತು. ಅಮೆರಿಕದ ಹಾಡುಗಾರ ಡೇನಿಯಲ್ ಜಾನ್‌ಸ್ಟನ್ ಮೊದಮೊದಲು ಪ್ರತಿ ಮಾಡುವ ಯಂತ್ರವಿಲ್ಲದೆ, ಕೇಳಿದವರಿಗೆಲ್ಲ ಇಡೀ ಕ್ಯಾಸೆಟ್ಟನ್ನು ಹೊಸದಾಗಿ ಹಾಡಿ ಕೊಡುತ್ತಿದ್ದ. ಹೀಗಾಗಿ ಒಂದೇ ಹೆಸರಿನ ಎರಡು ಕ್ಯಾಸೆಟ್ ಸಿಕ್ಕರೆ ಎರಡನ್ನೂ ಇಳಿಸಿಕೊಳ್ಳಿ. ನಗುವುದಕ್ಕೆಂದೇ ಕೂಡಿಹಾಕುವವರೂ ಇದ್ದಾರೆ. ಅಂಥವರ ಕೈಗೆ ಮೂಲ ಕ್ಯಾಸೆಟ್ ಕೊಡದಿರುವುದು ವಾಸಿ.

ಪ್ರಶ್ನೆ: ತೀರಿಕೊಂಡ ನೆರೆಯವರ ಹಾಡುಗಳನ್ನು ಯೂಟ್ಯೂಬಿಗೆ ಹಾಕಬಹುದೇ? (ಸಾಗರ)

ಉತ್ತರ: ವಾರಸುದಾರರ ಒಪ್ಪಿಗೆಯನ್ನು ಬರಹದಲ್ಲಿ ಪಡೆದು ಹಾಕಿ. 1957ರ ಕೃತಿಸ್ವಾಮ್ಯ (ಕಾಪಿರೈಟ್) ಕಾಯ್ದೆಯಂತೆ ಸಾಹಿತ್ಯದ ಹಕ್ಕು ಬರೆದವರು ತೀರಿದ ಮೇಲೂ 60 ವರ್ಷ ಇರುತ್ತದೆ. ಮಾತು ಅವರದಾಗಿ ಮಟ್ಟು ಸಿನಿಮಾದ್ದಾಗಿದ್ದರೆ ಆ ಮಟ್ಟಿನ ಹಕ್ಕು ಬೇರೆಯವರದು, ಮನೆಯವರ ಒಪ್ಪಿಗೆಯೊಂದೇ ಸಾಲದು.